ಫಿಟ್ಸ್‌ಜೆರಾಲ್ಡ್ ಮುತ್ತಾತನ ಜಾಡು ಹಿಡಿದು

ನಮ್ಮ ಪಕ್ಕದ ಮನೆಯ ಆಂಗ್ಲೋ-ಇಂಡಿಯನ್ ಆಂಟಿಯ ತವರಿನ ಹೆಸರು ಫಿಟ್ಸ್‌ಜೆರಾಲ್ಡ್. ಮುತ್ತಾತ ಐರ್ಲೆಂಡಿನಿಂದ ಸಿಪಾಯಿಯಾಗಿ ಬಂದು, ಪಿಂಚಣಿ ಪಡೆದು ಬೆಂಗಳೂರು ದಂಡಿನಲ್ಲೇ ಉಳಿದುಬಿಟ್ಟವನು. ‘ನಾವು ಲೆನ್‌ಸ್ಟರ್ ಡ್ಯೂಕ್ ವಂಶದವರಂತೆ, ನಿಜವಾ ನೋಡಪ್ಪ’ ಎಂದು ಆಂಟಿ ಒಂದು ಹಳೆಯ ಪ್ರಾರ್ಥನೆ ಪುಸ್ತಕ ಕೈಗಿಟ್ಟರು. ಲೆನ್‌ಸ್ಟರ್ ಡ್ಯೂಕ್‌ಗಳೆಂದರೆ ಐರ್ಲೆಂಡಿನ ದೊಡ್ಡ ಜಮೀನ್ದಾರಿ ಮನೆತನ; ಅವರ ಕುಲನಾಮವೂ ಫಿಟ್ಸ್‌ಜೆರಾಲ್ಡ್.

ಮೊದಲ ಹಾಳೆಯಲ್ಲಿ ಮಾಸಿದ ಶಾಯಿಯಲ್ಲಿ ‘ಲೆನ್‌ಸ್ಟರ್ ಮನೆತನ’ ಎಂದಿತ್ತು. ಪುಟ ಮಗುಚಿ ಅಚ್ಚಾದ ವರ್ಷ ನೋಡಿದೆ: 1893. ಸಿಪಾಯಿ ತೀರಿಕೊಂಡದ್ದು 1881ರಲ್ಲಿ. ಬರೆದವರು ಮಕ್ಕಳೋ ಮೊಮ್ಮಕ್ಕಳೋ, ಅವನಂತೂ ಅಲ್ಲ.

ಡ್ಯೂಕ್‌ನ ವಂಶವೃಕ್ಷ ಹಿಡಿದು ಕೆಳಗಿಳಿದರೆ ದಾರಿ ತಪ್ಪುತ್ತದೆ. ಫಿಟ್ಸ್‌ಜೆರಾಲ್ಡ್ ಹೆಸರಿನವರು ಐರ್ಲೆಂಡಿನಲ್ಲಿ ಲೆಕ್ಕವಿಲ್ಲದಷ್ಟು. ‘ಫಿಟ್ಸ್’ ಎಂದರೆ ನಾರ್ಮನ್ನರ ಫ್ರೆಂಚಿನಲ್ಲಿ ‘ಮಗ’ ಅಷ್ಟೇ. ಹಾಗಾಗಿ ಸಿಪಾಯಿಯಿಂದಲೇ ಹಿಂದಕ್ಕೆ ಹೋದೆ.

ಪಿಂಚಣಿ ಪಡೆದ ಸಿಪಾಯಿಗಳ ಬಿಡುಗಡೆ ಪತ್ರಗಳು ಲಂಡನ್ನಿನ ಕ್ಯೂ ಎಂಬ ಬಡಾವಣೆಯಲ್ಲಿರುವ ನ್ಯಾಷನಲ್ ಆರ್ಕೈವ್ಸ್‌ನಲ್ಲಿ, ಡಬ್ಲ್ಯೂಒ 97 ಎಂಬ ಕಡತಗಳಲ್ಲಿವೆ. ಸ್ಕ್ಯಾನ್ ಪ್ರತಿ ಆನ್‌ಲೈನ್‌ನಲ್ಲೇ ಸಿಕ್ಕಿತು. ಎತ್ತರ 5 ಅಡಿ 6 ಇಂಚು, ಬೂದುಗಣ್ಣು, ಹುಟ್ಟಿದ್ದು ಕಿಲ್ಡೇರ್ ಕೌಂಟಿಯ ಅಥಾಯ್, ಕಸುಬು ಕೂಲಿ. ಸಹಿ ಇರಬೇಕಾದಲ್ಲಿ ಒಂದು ಕತ್ತರಿ ಗುರುತು. ಒಂದು ಗೀಟು ಗಟ್ಟಿಯಾಗಿದೆ, ಇನ್ನೊಂದು ನಡುಗಿ ಜಾರಿದೆ. ಇಪ್ಪತ್ತೊಂದು ವರ್ಷ ಬಂದೂಕು ಹಿಡಿದ ಕೈಗೆ ಲೇಖನಿ ಹೊಸದು. ಅದನ್ನು ದೊಡ್ಡದು ಮಾಡಿ ನೋಡುತ್ತಾ ಬಹಳ ಹೊತ್ತು ಕೂತಿದ್ದೆ. ಎದೆ ತುಂಬಿ ಬಂತು.

1841ರ ಜನಗಣತಿ ಇದ್ದಿದ್ದರೆ ಅವನ ಮನೆಯವರೆಲ್ಲ ಒಂದೇ ಹಾಳೆಯಲ್ಲಿ ಸಿಗುತ್ತಿದ್ದರು. ಅದರ ಬಹುಪಾಲು 1922ರಲ್ಲಿ ಡಬ್ಲಿನ್‌ನ ಫೋರ್ ಕೋರ್ಟ್ಸ್ ದಾಖಲೆ ಕಚೇರಿಯ ಜೊತೆ ಸುಟ್ಟುಹೋಯಿತು. ಆದರೆ ಕ್ಯಾಥೊಲಿಕ್ ಚರ್ಚುಗಳ ಜ್ಞಾನಸ್ನಾನದ ಪುಸ್ತಕಗಳನ್ನು ಐರ್ಲೆಂಡಿನ ರಾಷ್ಟ್ರೀಯ ಗ್ರಂಥಾಲಯ ಉಚಿತವಾಗಿ ತೆರೆದಿಟ್ಟಿದೆ. ಅಥಾಯ್ ಪುಸ್ತಕದ ಪುಟಪುಟ ಹುಡುಕಿದಾಗ ವಯಸ್ಸಿಗೆ ಹೊಂದುವ ನಮೂದು, ತಂದೆಯ ಹೆಸರು ಎರಡೂ ಸಿಕ್ಕವು.

ಆಮೇಲೆ ಗ್ರಿಫಿತ್ ವ್ಯಾಲ್ಯುಯೇಷನ್, ಅಂದರೆ 1847ರಿಂದ 1864ರವರೆಗೆ ಅಚ್ಚಾದ ಜಮೀನು-ಮನೆಗಳ ಕಂದಾಯ ಅಂದಾಜು. ನಮ್ಮ ಪಹಣಿ ಓದಿ ಬಲ್ಲವರಿಗೆ ಕಷ್ಟವೇ ಇಲ್ಲ: ಒಂದು ಕಾಲಂನಲ್ಲಿ ಅನುಭವದಲ್ಲಿರುವವರು, ಪಕ್ಕದಲ್ಲಿ ಬಾಡಿಗೆಗೆ ಕೊಟ್ಟವರು. ಆ ತಂದೆಯ ಹೆಸರಿನ ಎದುರು ಬರೆದಿತ್ತು: ಡ್ಯೂಕ್ ಆಫ್ ಲೆನ್‌ಸ್ಟರ್.

ಡ್ಯೂಕ್‌ನ ಮನೆತನದ ಕಿರಿಯ ಶಾಖೆಗಳನ್ನೂ ತಡಕಿದೆ. ಈ ಸಿಪಾಯಿಗೆ ಅಲ್ಲಿ ಎಲ್ಲೂ ಜಾಗವಿಲ್ಲ. ಮದುವೆಯಾಚೆ ಹುಟ್ಟಿದವರನ್ನು ವಂಶಾವಳಿ ಪುಸ್ತಕಗಳು ಲೆಕ್ಕಕ್ಕೆ ತೆಗೆದುಕೊಳ್ಳುವುದು ಅಪರೂಪ. ಅದಕ್ಕೇ ಆಂಟಿಗೆ ‘ಸಂಬಂಧ ಇಲ್ಲ’ ಎನ್ನಲಿಲ್ಲ, ‘ರಕ್ತಸಂಬಂಧಕ್ಕೆ ಆಧಾರ ಸಿಕ್ಕಿಲ್ಲ, ಒಡೆಯ-ಒಕ್ಕಲು ಸಂಬಂಧಕ್ಕೆ ಸಿಕ್ಕಿದೆ’ ಎಂದೆ. ಬಾಡಿಗೆ ಕಟ್ಟುವ ಮನೆಯಲ್ಲಿ ದಿನಾ ಕೇಳಿದ ಡ್ಯೂಕ್‌ನ ಹೆಸರೇ ಮಕ್ಕಳ ಬಾಯಲ್ಲಿ ವಂಶವಾಗಿರಬೇಕು ಎಂಬುದು ನನ್ನ ಊಹೆ.

ಆಂಟಿ ಕತ್ತರಿ ಗುರುತಿನ ಮೇಲೆ ಬೆರಳಿಟ್ಟು, ‘ಅವರಿಗೆ ಬರೆಯೋಕೇ ಬರ್ತಿರಲಿಲ್ವಾ?’ ಎಂದರು. ಆಮೇಲೆ ಪೆನ್ಸಿಲ್ ಕೊಟ್ಟರು. ‘ಲೆನ್‌ಸ್ಟರ್ ಮನೆತನ’ದ ಕೆಳಗೆ ಅಥಾಯ್, ತಂದೆಯ ಹೆಸರು, ಗ್ರಿಫಿತ್ ಪಟ್ಟಿಯಲ್ಲಿದ್ದ ಆ ಮನೆಯ ನಕ್ಷೆ ಸಂಖ್ಯೆ ಬರೆದೆ.