ಪದದ ಕೊನೆಗೆ ಕೂತಿದ್ದ ಪ್ರಾಣಿ

ಶುರುವಾಗಿದ್ದು ಒಂದು ಪಟ್ಟಿಯಿಂದ. ನೋಟ್‌ಬುಕ್ಕಿನ ಎಡಗಡೆ ದೇಶ, ಬಲಗಡೆ ಗುಡುಗಿನ ದೇವರು. ಗ್ರೀಸಿಗೆ ಜ್ಯೂಸ್, ಉತ್ತರ ಯುರೋಪಿಗೆ ಥಾರ್, ಸಿರಿಯಾ ಕಡೆಗೆ ಬಾಳ್, ಈಗಿನ ಟರ್ಕಿ ಕಡೆಯ ಹಳೆಯ ಹಿಟ್ಟೈಟರಿಗೆ ತರ್ಹುನ್ನ, ನಮಗೆ ಇಂದ್ರ. ಈಜಿಪ್ಟಿನ ಮುಂದೆ ಮಾತ್ರ ಖಾಲಿ. ಆ ಖಾಲಿ ಜಾಗ ತುಂಬಲು ಹೋಗಿಯೇ ನಾನು ಅವರ ಚಿತ್ರಲಿಪಿ ಕಲಿಯಲು ಕೂತದ್ದು.

ನಾನು ಮಲೆನಾಡಿನವನು. 'ಮಘೆ ಮಳೆ ಬಂದಷ್ಟೂ ಒಳ್ಳೇದು, ಮನೆ ಮಗ ಉಂಡಷ್ಟೂ ಒಳ್ಳೇದು' ಅಂತ ಕೇಳಿಕೊಂಡು ಬೆಳೆದವನು. ಮಳೆ ಕೊಡುವ ದೊಡ್ಡ ದೇವರು ಎಲ್ಲ ಕಡೆಯೂ ಇರಲೇಬೇಕು ಅಂದುಕೊಂಡಿದ್ದೆ. ನಾನು ಎಡವಿದ್ದೇ ಅಲ್ಲಿ. ಕೈರೋದಲ್ಲಿ ವರ್ಷಕ್ಕೆಲ್ಲ ಸೇರಿ ಬೀಳುವ ಮಳೆ ಸುಮಾರು 25 ಮಿಲಿಮೀಟರ್. ನಮ್ಮೂರಲ್ಲಿ ಆಷಾಢದ ಒಂದು ಮಧ್ಯಾಹ್ನಕ್ಕೆ ಅಷ್ಟು ಸುರಿಯುತ್ತದೆ. ದಕ್ಷಿಣದ ಅಸ್ವಾನಿನಲ್ಲಂತೂ ಅದೂ ಇಲ್ಲ. ಅವರ ಬೆಳೆ ನಿಂತಿದ್ದು ನೈಲ್ ನದಿಯ ನೆರೆಯ ಮೇಲೆ. ಆ ನೆರೆಗೆ ಹಾಪಿ ಅನ್ನುವ ದೇವರಿದ್ದ, ಜೋಲು ಹೊಟ್ಟೆಯವನು. ಅವರ ಕಥೆಯಲ್ಲಿ ಭೂಮಿ ಗಂಡು, ಆಕಾಶ ಹೆಣ್ಣು. ನೀರು ಕೆಳಗಿನಿಂದ ಬರುವ ಊರಲ್ಲಿ ಹಾಗಾಗುವುದು ಸರಿಯೇ ಅಂತ ನನಗನಿಸುತ್ತದೆ.

ಈಜಿಪ್ಟಿನ ರಾಜ ಅಖೆನಾತನ್ ಕಾಲದ ಸೂರ್ಯಸ್ತುತಿಯಲ್ಲಿ ಒಂದು ಮಾತು ಬರುತ್ತದೆ. ದೂರದ ದೇಶಗಳವರಿಗಾಗಿ ದೇವರು ಆಕಾಶದಲ್ಲಿ ಒಬ್ಬ ಹಾಪಿಯನ್ನು ಇಟ್ಟನಂತೆ, ಅವನು ಇಳಿದು ಬಂದು ಬೆಟ್ಟಗಳ ಮೇಲೆ ಅಲೆ ಎಬ್ಬಿಸುತ್ತಾನಂತೆ. ಅಂದರೆ ನಮ್ಮ ಮಳೆ ಅವರ ಕಣ್ಣಿಗೆ ದಿಕ್ಕು ತಪ್ಪಿ ಮೇಲೆ ಹೋದ ನದಿ! ಓದಿ ಒಬ್ಬನೇ ನಕ್ಕೆ.

ಕಲಿತ ಬಗೆ ಹೇಳುತ್ತೇನೆ. ಅಲನ್ ಗಾರ್ಡಿನರ್ 1927ರಲ್ಲಿ ಹೊರತಂದ ವ್ಯಾಕರಣದ ಹಿಂಭಾಗದಲ್ಲಿ ಚಿಹ್ನೆಗಳ ಪಟ್ಟಿ ಇದೆ. ದಿನಕ್ಕೆ ಐದು ಚಿಹ್ನೆ, ಪೆನ್ಸಿಲಿನಲ್ಲಿ, ಚೌಕಳಿ ಹಾಳೆಯ ಮೇಲೆ. ಪಕ್ಷಿಗಳು ಕಷ್ಟ, ಹದ್ದು ಯಾವುದು ಗಿಡುಗ ಯಾವುದು ಅಂತ ತಿಂಗಳುಗಟ್ಟಲೆ ಗೊತ್ತಾಗಲಿಲ್ಲ. ಪ್ರಾಣಿಗಳ ಗುಂಪಿನಲ್ಲಿ 20ನೇ ನಂಬರಿನದು ಮಾತ್ರ ಬೇರೆ ಥರ ಕಾಡಿತು. ನಾಯಿಯಂಥ ಮೈ, ಕೆಳಗೆ ಬಾಗಿದ ಉದ್ದ ಮೂತಿ, ತುದಿ ಕತ್ತರಿಸಿದಂತೆ ನೆಟ್ಟಗೆ ನಿಂತ ಕಿವಿ, ಬಾಣದಂತೆ ಮೇಲೆದ್ದ ಬಾಲ. ನಾನು ಕತ್ತೆ ಅಂತ ಬರೆದುಕೊಂಡು ಮುಂದೆ ಹೋದೆ. ಅದು ಕತ್ತೆಯಲ್ಲ. ನಿಜಕ್ಕೂ ಯಾವ ಪ್ರಾಣಿ ಅಂತ ವಿದ್ವಾಂಸರಿಗೂ ಒಮ್ಮತವಿಲ್ಲ. ಅದು ಸೆತ್ ದೇವರ ಪ್ರಾಣಿ.

ಆ ಲಿಪಿಯಲ್ಲಿ ಪದದ ಕೊನೆಗೆ ಉಚ್ಚಾರವಿಲ್ಲದ ಒಂದು ಚಿತ್ರ ಕೂರುತ್ತದೆ. ಪದ ಯಾವ ಜಾತಿಗೆ ಸೇರಿದ್ದು ಅಂತ ಹೇಳುವುದಷ್ಟೇ ಅದರ ಕೆಲಸ. ನಡೆಯುವ ಮಾತಿಗೆ ಎರಡು ಕಾಲು, ಹಾಗೆ. ಒಂದು ದಿನ 'ನೆಶ್ನಿ' ಅನ್ನುವ ಪದ ಸಿಕ್ಕಿತು. ಅರ್ಥ ಬಿರುಗಾಳಿ, ಜೊತೆಗೆ ಸಿಟ್ಟು ಅಂತಲೂ. ಕೊನೆಯಲ್ಲಿ ನನ್ನ 'ಕತ್ತೆ' ಕೂತಿತ್ತು! ಮರುವಾರ ಗಲಭೆ ಅನ್ನುವ ಅರ್ಥದ ಪದ, ಅಲ್ಲೂ ಅದೇ.

ಆಮೇಲೆ ದೇವರುಗಳ ಪಟ್ಟಿ ಬದಿಗಿಟ್ಟೆ. ಆ ಪ್ರಾಣಿ ಕೂತ ಒಂದೊಂದು ಪದಕ್ಕೂ ಒಂದೊಂದು ಚೀಟಿ ಬರೆದು ಬೂಟಿನ ಡಬ್ಬಿಯಲ್ಲಿ ಹಾಕುತ್ತ ಬಂದೆ. ಬಿರುಗಾಳಿ, ರೊಚ್ಚು, ಗದ್ದಲ, ಎಲ್ಲ ಒಂದೇ ಡಬ್ಬಿಗೆ. ವಿಚಿತ್ರ ಅನಿಸಲಿಲ್ಲ. ನಾವೂ ಮಳೆಗೂ ಅಬ್ಬರ ಅನ್ನುತ್ತೇವೆ, ಕುಡಿದು ಬಂದ ಗಂಡನಿಗೂ ಅಬ್ಬರ ಅನ್ನುತ್ತೇವೆ, ಅಲ್ವಾ?

ಡಬ್ಬಿ ತುಂಬಿದ ಮೇಲೆ ಕಥೆಗಳು ಬೇರೆಯಾಗಿ ಕಂಡವು. ಡಬ್ಲಿನ್ನಿನಲ್ಲಿರುವ ಒಂದು ಪಪೈರಸ್ ಸುರುಳಿಯಲ್ಲಿ, ಐದನೇ ರಾಮ್ಸೆಸ್ ರಾಜನ ಕಾಲದ್ದು, ಹೋರಸ್ ಅನ್ನುವ ದೇವರು ಮತ್ತು ಸೆತ್ ರಾಜ್ಯಕ್ಕಾಗಿ ಕಿತ್ತಾಡುತ್ತಾರೆ. ಸೋತದ್ದು ಸೆತ್. ಆದರೆ ಅವನನ್ನು ಯಾರೂ ಓಡಿಸುವುದಿಲ್ಲ. ಸೂರ್ಯದೇವ ಅವನನ್ನು ಮಗನಂತೆ ಜೊತೆಗಿಟ್ಟುಕೊಳ್ಳುತ್ತಾನೆ. ಆಕಾಶದಲ್ಲಿ ಗುಡುಗು, ಜನ ಹೆದರಲಿ ಅನ್ನುವುದು ಅವನಿಗೆ ಸಿಕ್ಕ ಪಾಲು. ಆಸ್ತಿ ಕೈತಪ್ಪಿದ ದಾಯಾದಿಗೆ ಕೊಟ್ಟ ಸಮಾಧಾನದಂತಿದೆ. ರಾತ್ರಿ ಸೂರ್ಯನ ದೋಣಿಯ ಮೂತಿಯಲ್ಲಿ ನಿಂತು ಅಪೆಪ್ ಎಂಬ ಹಾವಿಗೆ ಈಟಿ ಚುಚ್ಚುವವನೂ ಅವನೇ. ವೃತ್ರನನ್ನು ಕೊಂದ ಇಂದ್ರ ನೆನಪಾಗದೆ ಇರುತ್ತಾನೆಯೇ? ಆದರೆ ಇಂದ್ರ ಹಾವನ್ನು ಕೊಂದರೆ ನೀರು ಹರಿಯುತ್ತದೆ. ಸೆತ್ ಚುಚ್ಚಿದರೆ ಬೆಳಗಾಗುತ್ತದೆ, ಅಷ್ಟೇ. ನೀರಿನ ಮಾತೇ ಇಲ್ಲ.

ನನಗೆ ಜಾಸ್ತಿ ಇಷ್ಟವಾದದ್ದು ಎರಡನೇ ರಾಮ್ಸೆಸ್‌ನ ಮದುವೆಯ ಶಾಸನ. ಅವನ ಆಳ್ವಿಕೆಯ 34ನೇ ವರ್ಷ ಹಿಟ್ಟೈಟ್ ರಾಜನ ಮಗಳು ಮದುಮಗಳಾಗಿ ಚಳಿಗಾಲದಲ್ಲಿ ಹೊರಟಿದ್ದಳು. ಕರೆತರಲು ಹೋದ ತನ್ನ ಜನರ ಗತಿ ಮಳೆ ಹಿಮದಲ್ಲಿ ಏನಾದೀತು ಅಂತ ರಾಮ್ಸೆಸ್‌ಗೆ ಚಿಂತೆ. ಸೆತ್‌ಗೆ ಕಾಣಿಕೆ ಕೊಟ್ಟು ಬೇಡಿಕೊಂಡ. ಚಳಿಗಾಲದಲ್ಲೇ ಬೇಸಿಗೆಯಂಥ ದಿನಗಳು ಬಂದವಂತೆ. ನಮ್ಮಲ್ಲಿ ಮಳೆ ಬರಲಿ ಅಂತ ಕಪ್ಪೆಗೆ ಮದುವೆ ಮಾಡುತ್ತಾರೆ. ಅಲ್ಲಿ ಮದುವೆಗಾಗಿ ಮಳೆ ಬೇಡ ಅಂತ ಹರಕೆ.

ಅದಕ್ಕೂ ಮುಂಚೆ, ಕ್ರಿ.ಪೂ. 1259ರ ಸುಮಾರಿಗೆ, ಅದೇ ಇಬ್ಬರು ರಾಜರು ಶಾಂತಿ ಒಪ್ಪಂದ ಮಾಡಿಕೊಂಡಿದ್ದರು. ಅದರ ಈಜಿಪ್ಟಿನ ಪ್ರತಿ ಕಾರ್ನಾಕ್ ದೇವಾಲಯದ ಗೋಡೆಯ ಮೇಲಿದೆ. ಹಿಟ್ಟೈಟರ ಗುಡುಗಿನ ದೇವರ ಹೆಸರು ಬರೆಯಬೇಕಾದ ಕಡೆ ಈಜಿಪ್ಟಿನ ಲಿಪಿಕಾರ 'ಹತ್ತಿಯ ಸೆತ್' ಅಂತ ಬರೆದ. ಹತ್ತಿ ಅಂದರೆ ಹಿಟ್ಟೈಟರ ನಾಡು. ನಾನು ಆರು ತಿಂಗಳು ತಿಣುಕಿದ ಪಟ್ಟಿಯನ್ನು ಅವನು ಮೂರು ಸಾವಿರ ವರ್ಷದ ಹಿಂದೆಯೇ ಮುಗಿಸಿದ್ದ.

ಆದರೂ ಆ ಖಾಲಿ ಜಾಗದಲ್ಲಿ ಸೆತ್ ಅಂತ ಪೆನ್ನಿನಲ್ಲಿ ಬರೆಯಲು ಕೈ ಬರಲಿಲ್ಲ. ಗ್ರೀಕರು ಅವನನ್ನು ಜ್ಯೂಸ್ ಅನ್ನಲಿಲ್ಲ, ಜ್ಯೂಸ್ ಸೋಲಿಸಿದ ಟೈಫನ್ ರಾಕ್ಷಸ ಅಂದರು. ನನ್ನ ಪಟ್ಟಿಯಲ್ಲಿ ರಾಕ್ಷಸರಿಗೆ ಕಾಲಮ್ಮೇ ಇಲ್ಲ. ಪೆನ್ಸಿಲಿನಲ್ಲಿ ಹೆಸರು ಬರೆದು ಪಕ್ಕಕ್ಕೆ ಪ್ರಶ್ನೆಚಿಹ್ನೆ ಹಾಕಿದ್ದೇನೆ.

ಈಗ ಸೇತಿ ರಾಜನ ಹೆಸರಿನ ಚೀಟಿಗಳನ್ನು ಬರೆಯುತ್ತಿದ್ದೇನೆ. 'ಸೆತ್‌ನವನು' ಅಂತಲೇ ಆ ಹೆಸರಿನ ಅರ್ಥ. ಆದರೆ ಅವನ ಸಮಾಧಿಯಲ್ಲಿ ಹೆಸರು ಕೆತ್ತುವಾಗ ಆ ಪ್ರಾಣಿಯನ್ನು ಬಿಟ್ಟು ಓಸಿರಿಸ್‌ನ ಚಿತ್ರ ಹಾಕಿದ್ದಾರೆ. ಓಸಿರಿಸ್‌ನನ್ನು ಕೊಂದವನೇ ಸೆತ್. ಸತ್ತವರ ಒಡೆಯನ ಮನೆಯೊಳಗೆ ಅವನ ಚಿತ್ರ ಕೂರಿಸುವುದು ಹೇಗೆ, ಹೇಳಿ?