ಹಾರಿದ್ದು ಸರಿ, ಇಳಿಯೋದು ಯಾವಾಗ?

ಕಳೆದ ಮಳೆಗಾಲ ಪೂರ್ತಿ ನಾನು ಇಲ್ಲದ ಒಂದು ಊರು ಕಟ್ಟುತ್ತಾ ಕೂತಿದ್ದೆ. ಕಾರವಾರದ ಮಳೆ ಗೊತ್ತಲ್ಲ, ಆಫೀಸ್ ಬಿಟ್ಟ ಮೇಲೆ ಎಲ್ಲಿಗೂ ಹೋಗುವ ಹಾಗಿಲ್ಲ. ಉದ್ದನೆಯ ಒಂದು ಕಥೆ. ಅದರಲ್ಲಿ ಕುಣಿಯುವುದನ್ನೇ ಬದುಕು ಮಾಡಿಕೊಂಡ ಒಂದು ಜನ. ಅವರಿಗೆ ನಾನು ಇಟ್ಟ ಹೆಸರು ಹಗುರರು. ಅವರ ನೆಲದ ಸೆಳೆತ ನಮ್ಮದರ ಹಾಗೆ ಒಂದೇ ಸಮ ಇರುವುದಿಲ್ಲ, ಸಮುದ್ರದ ಉಬ್ಬರ ಇಳಿತದ ಥರ ಏರಿ ಇಳಿಯುತ್ತದೆ. ತೀರಾ ಇಳಿದ ಹೊತ್ತಿನಲ್ಲಿ ನಮ್ಮದರ ಆರನೇ ಒಂದು ಪಾಲು, ಹೆಚ್ಚು ಕಮ್ಮಿ ಚಂದ್ರನ ಮೇಲಿನಷ್ಟು. ಆ ಹೊತ್ತಿಗೇ ಅವರ ಆಟ, ನಮ್ಮ ಯಕ್ಷಗಾನದ ಥರದ್ದು.

ಮೊದಲ ಕರಡು ನನಗೇ ಬಹಳ ಚಂದ ಕಂಡಿತ್ತು. ಎಲ್ಲರೂ ತೇಲುತ್ತಿದ್ದರು, ನಿಧಾನಕ್ಕೆ ಕೈ ಬೀಸುತ್ತಿದ್ದರು, ನಿಧಾನಕ್ಕೆ ಕತ್ತು ಹೊರಳಿಸುತ್ತಿದ್ದರು. ಶಿರಸಿ ಕಡೆ ಮದ್ದಲೆ ಬಾರಿಸುವ ದೋಸ್ತನಿಗೆ ಓದಿ ಹೇಳಿದೆ. ಅವನು ಎದ್ದು ಹೋಗಿ ಕವಳ ಉಗಿದು ಬಂದು ಕೇಳಿದ: "ಹಾರಿದ್ದು ಸರಿ ಮಾರಾಯಾ, ಇಳಿಯೋದು ಯಾವಾಗ? ಕುಣಿತ ಮುಗಿಸೋ ಪೆಟ್ಟು, ಆ ಮುಕ್ತಾಯ, ನಾನು ಎಲ್ಲಿ ಬಾರಿಸೋದು?"

ಉತ್ತರ ನನ್ನ ಹತ್ತಿರ ಇರಲಿಲ್ಲ.

ಮರುದಿನ ಮೊಬೈಲನ್ನು ಕಿಟಕಿಗೆ ಒರಗಿಸಿಟ್ಟು ನಾನೇ ಹಾರಿದೆ. ಚಿಕ್ಕವನಿದ್ದಾಗ ಒಂದಷ್ಟು ಹೆಜ್ಜೆ ಕಲಿತಿದ್ದೆ, ಈಗ ಹೊಟ್ಟೆ ಬಂದಿದೆ, ಆ ವಿಷಯ ಬೇಡ. ವಿಡಿಯೋದಲ್ಲಿ ಸೆಕೆಂಡಿಗೆ 30 ಚಿತ್ರ. ನನ್ನ ಪಾದ ನೆಲ ಬಿಟ್ಟಿದ್ದು 15 ಚಿತ್ರಗಳಲ್ಲಿ. ಅಂದರೆ ಅರ್ಧ ಸೆಕೆಂಡು, ಎತ್ತರ ಸುಮಾರು 30 ಸೆಂಟಿಮೀಟರ್. ಅಷ್ಟೇ ಜೋರಿನಿಂದ ಹಗುರರ ನೆಲದಲ್ಲಿ ಹಾರಿದರೆ ಎತ್ತರವೂ ಆರು ಪಟ್ಟು, ಗಾಳಿಯಲ್ಲಿರುವ ಹೊತ್ತೂ ಆರು ಪಟ್ಟು. 1.8 ಮೀಟರ್, 3 ಸೆಕೆಂಡು. ತಾಳದ ಒಂದು ಅಕ್ಷರಕ್ಕೆ, ಅಂದರೆ ಒಂದು ಎಣಿಕೆಗೆ, ಅರ್ಧ ಸೆಕೆಂಡಿನ ಲಯ ಹಿಡಿದರೆ ಇಲ್ಲಿ ಒಂದು ಅಕ್ಷರದಲ್ಲಿ ಮುಗಿಯುವ ಹಾರಾಟ ಅಲ್ಲಿ ರೂಪಕ ತಾಳದ ಆರಕ್ಕೆ ಆರೂ ಅಕ್ಷರ ತಿನ್ನುತ್ತದೆ. ದೋಸ್ತನಿಗೆ ಫೋನ್ ಮಾಡಿ ಹೇಳಿದರೆ "ಹಾಗಾದರೆ ಬಾರಿಸಬಹುದು" ಅಂದ.

ನಿಧಾನದ ತಪ್ಪು ಗೊತ್ತಾಗಿದ್ದು ನೀರಲ್ಲಿ. ಮಳೆ ಬಿಟ್ಟ ಒಂದು ಭಾನುವಾರ ದೋಸ್ತನ ಊರಿನ ಕೆರೆಯಲ್ಲಿ ಕುತ್ತಿಗೆವರೆಗೆ ಇಳಿದು ಕುಣಿದು ನೋಡಿದೆ. ಮೈ ಹಗುರ ಆಯಿತು, ಆದರೆ ಕೈ ಬೀಸಲು ಹೋದರೆ ನೀರು ಹಿಡಿದು ಎಳೆಯುತ್ತದೆ. ಸೆಳೆತ ಕಮ್ಮಿ ಇರುವ ಜಾಗದಲ್ಲಿ ಹಾಗೆ ಯಾರೂ ಎಳೆಯುವುದಿಲ್ಲ, ಅಲ್ವಾ? ಅಲ್ಲಿ ಬೀಳುವುದು ಮಾತ್ರ ನಿಧಾನ. ಕೈ, ಕಣ್ಣು, ಕತ್ತು, ಮದ್ದಲೆ ಮೇಲಿನ ಬೆರಳು ಎಲ್ಲಾ ನಮ್ಮಷ್ಟೇ ಚುರುಕು. ಹಾಗಾಗಿ 3 ಸೆಕೆಂಡಿನ ಒಂದು ಹಾರಾಟದಲ್ಲಿ ವೇಷಧಾರಿ ಬಿಲ್ಲು ಎತ್ತಬಹುದು, ಬಾಣ ಬಿಡಬಹುದು, ಎದುರಿನವನನ್ನು ಮೂದಲಿಸಿ ಒಂದು ಮಾತೂ ಆಡಬಹುದು, ಆಮೇಲೆ ಸಾವಕಾಶ ನೆಲಕ್ಕೆ ಬರಬಹುದು. ಆ ಸಂಜೆ ಮೊದಲ ಕರಡು ಪೂರ್ತಿ ಹರಿದು ಹಾಕಿದೆ.

ಇನ್ನೊಂದು ಕಡೆಯೂ ಮುಗ್ಗರಿಸಿದೆ. ಸೆಳೆತ ಏರುತ್ತಾ ಹೋದ ಹಾಗೆ ಹಾರಾಟ ಚಿಕ್ಕದಾಗುತ್ತದೆ, ಲಯವೂ ಬದಲಾಗಬೇಕು. ಹಾಡುತ್ತಾ ತಾಳ ಹಾಕಿ ಆಟ ನಡೆಸುವ ಭಾಗವತರಿಗೆ ಅದು ಹೇಗೆ ತಿಳಿಯಬೇಕು? ಎದುರಿಗೆ ಒಂದು ತೂಗುದೀಪ ಇಳಿಬಿಟ್ಟೆ. ಅದು ತೂಗಿದ ಹಾಗೆ ಅವರು ತಾಳ ಹಾಕುತ್ತಾರೆ ಅಂತ ಬರೆದು ನನಗೆ ನಾನೇ ಶಹಬ್ಬಾಸ್ ಹೇಳಿಕೊಂಡೆ. ಲೆಕ್ಕ ಹಾಕಿದರೆ ಸುಳ್ಳು! ಒಂದು ಮೀಟರ್ ಉದ್ದಕ್ಕೆ ಇಳಿಬಿಟ್ಟ ದೀಪ ಇಲ್ಲಿ ಒಮ್ಮೆ ಹೋಗಿ ಬರಲು 2 ಸೆಕೆಂಡು ತಗೊಂಡರೆ ಅಲ್ಲಿ 5 ಸೆಕೆಂಡಿನ ಹತ್ತಿರ. ಅಂದರೆ ಎರಡೂವರೆ ಪಟ್ಟು ಅಷ್ಟೇ. ಹಾರಾಟ ಆರು ಪಟ್ಟು. ಎರಡೂ ಕೂಡುವುದೇ ಇಲ್ಲ. ದೀಪ ಬರೀ ಬೆಳಕಿಗೆ ಅಂತ ಉಳಿಸಿಕೊಂಡೆ. ಭಾಗವತರು ಈಗ ವೇಷದ ಪಾದ ನೋಡುತ್ತಾರೆ.

ಸೆಳೆತ ಏರಿಳಿಯುವುದು ನಾನು ಬೇಕಂತಲೇ ಹೇಳಿದ ಸುಳ್ಳು. ನಮ್ಮ ಚಂದ್ರ ಸಮುದ್ರವನ್ನು ಎಬ್ಬಿಸುತ್ತಾನೆ ನಿಜ, ಆದರೆ ನಮ್ಮ ತೂಕದಲ್ಲಿ ಅವನಿಂದಾಗುವ ವ್ಯತ್ಯಾಸ ಕೋಟಿಯಲ್ಲಿ ಒಂದು ಪಾಲಿನಷ್ಟು. ಆ ಒಂದು ಸುಳ್ಳು ಬಿಟ್ಟರೆ ಉಳಿದದ್ದೆಲ್ಲ ಲೆಕ್ಕಕ್ಕೆ ಸರಿಯಾಗಿ ಕೂರಬೇಕು ಅಂತ ಹಟ ಹಿಡಿದೆ. ಹೊತ್ತನ್ನು ಮಾತ್ರ ನಮ್ಮ ಕಡಲಿಂದಲೇ ತಗೊಂಡೆ. ಒಂದು ಭರತಿಯಿಂದ, ಅಂದರೆ ಉಬ್ಬರದಿಂದ, ಇನ್ನೊಂದಕ್ಕೆ ಸುಮಾರು 12 ಗಂಟೆ 25 ನಿಮಿಷ, ಹಾಗಾಗಿ ದಿನಾ 50 ನಿಮಿಷ ಮುಂದೆ ಹೋಗುತ್ತದೆ. ಹಗುರರ ಆಟವೂ ಹಾಗೇ. ಇವತ್ತು ರಾತ್ರಿ ಒಂಬತ್ತಕ್ಕೆ ಚೌಕಿಯಲ್ಲಿ, ಅಂದರೆ ವೇಷ ಕಟ್ಟುವ ಕೋಣೆಯಲ್ಲಿ, ಬಣ್ಣ ಹಚ್ಚಿದವರು ವಾರ ಕಳೆದರೆ ಬೆಳಗಿನ ಜಾವ ಮೂರಕ್ಕೆ ಎದ್ದು ಹಚ್ಚಬೇಕು. ಊಟ, ನಿದ್ದೆ, ಗಂಡ ಹೆಂಡಿರ ಜಗಳ ಎಲ್ಲಾ ಅದರ ಹಿಂದೆ ಓಡುತ್ತವೆ.

ಕಿರೀಟದ ತೂಕ ಅಲ್ಲಿ ಕಮ್ಮಿ, ಆದರೆ ಗಕ್ಕನೆ ಕತ್ತು ತಿರುಗಿಸಿದರೆ ಅದು ಕೊಡುವ ಹಿಂಸೆ ಅಷ್ಟೇ ಇರುತ್ತದೆ. ಸೆಳೆತ ಕಮ್ಮಿಯಾಯಿತು ಅಂತ ಅದರೊಳಗಿನ ಮರ ಎಲ್ಲಿಗೂ ಹೋಗುವುದಿಲ್ಲವಲ್ಲ. ಅದಕ್ಕೆ ಅಂಕೋಲಾ ಕಡೆ ಸುಗ್ಗಿ ಕುಣಿತದಲ್ಲಿ ಹಾಲಕ್ಕಿ ಒಕ್ಕಲಿಗರು ತಲೆಗೆ ಕಟ್ಟುವ ಹಗುರ ಬೆಂಡಿನ ತುರಾಯಿ ನೆನಪು ಮಾಡಿಕೊಂಡು ಹಗುರರ ತಲೆಗೂ ಬೆಂಡಿನದ್ದೇ ಕಟ್ಟಿಸಿದೆ.

ಜಾಸ್ತಿ ದಿನ ತಗೊಂಡಿದ್ದು ಮಂಡಿ, ಅಂದರೆ ಮೊಣಕಾಲೂರಿ ಗಿರಗಿರ ಸುತ್ತುವ ಕುಣಿತ. ಬಡಗಿನ ಆಟ, ಅಂದರೆ ನಮ್ಮ ಕಡೆಯ ಬಡಗುತಿಟ್ಟಿನ ಯಕ್ಷಗಾನ, ನೋಡಿ ಬೆಳೆದವರಿಗೆ ಮಂಡಿ ಇಲ್ಲದ ಕುಣಿತ ಸಪ್ಪೆ. ಆದರೆ ಮಂಡಿ ತಿರುಗಲು ನೆಲವನ್ನು ಒತ್ತಿ ದೂಡಬೇಕು. ಅಲ್ಲಿ ಒತ್ತಿದರೆ ಮೈಯೇ ಮೇಲೆ ಏಳುತ್ತದೆ, ನೆಲದ ಹಿಡಿತವೂ ಆರನೇ ಒಂದು ಪಾಲು. ಗಾಳಿಗೆ ಹೋದ ಮೇಲೆ ಸುತ್ತೋಣ ಅಂದರೆ ದೂಡಲು ಅಲ್ಲಿ ಏನೂ ಇಲ್ಲ. ಹದಿನೈದು ದಿನ ಅಲ್ಲೇ ಸಿಕ್ಕಿಬಿದ್ದೆ. ಕೊನೆಗೆ ಹೊಳೆದಿದ್ದು ಇಷ್ಟು: ಇಬ್ಬರು ಕೈ ಕೈ ಹಿಡಿದು ತಿರುಚಿ ಬಿಡಬೇಕು, ಒಬ್ಬ ಬಲಕ್ಕೆ ಸುತ್ತಿದರೆ ಇನ್ನೊಬ್ಬ ಎಡಕ್ಕೆ. ಒಬ್ಬನಿಗೆ ಸಿಕ್ಕ ತಿರುಗು ಇನ್ನೊಬ್ಬನಿಗೆ ಉಲ್ಟಾ ಸಿಗಲೇಬೇಕು. ಹಾಗಾಗಿ ಹಗುರರಲ್ಲಿ ಮಂಡಿಗೆ ಜೋಡಿ ಬೇಕು, ಚಿಕ್ಕಂದಿನಲ್ಲೇ ಜೋಡಿ ಗೊತ್ತು ಮಾಡುತ್ತಾರೆ. ಇದು ಬಂದ ಮೇಲೆ ಕಥೆ ತಾನಾಗಿ ಸಿಕ್ಕಿತು. ಜೋಡಿ ಸತ್ತುಹೋದ ಒಬ್ಬ ಮುದುಕ, ಇನ್ನೊಮ್ಮೆ ಮಂಡಿ ತಿರುಗಬೇಕು ಅಂತ ಅವನ ಆಸೆ.

ಅವನನ್ನು ಹೇಗೆ ತಿರುಗಿಸುವುದು ಅಂತ ಮತ್ತೆ ದೋಸ್ತನನ್ನೇ ಕೇಳಿದೆ. "ರಂಗದ ಮೇಲೆ ರಥ ಇರ್ತದಲ್ಲ, ಅದನ್ನೇ ಹಿಡಿದು ತಿರುಚಲಿ" ಅಂದ. ಬರೆದೆ. ಮುದುಕ ಚಂದ ಸುತ್ತಿದ. ಆಟದ ರಥ ಅಂದರೆ ಒಂದು ಮರದ ಪೀಠ ಅಷ್ಟೇ, ಅವನಿಗಿಂತ ಹಗುರ, ಅವನ ನಾಲ್ಕು ಪಟ್ಟು ಜೋರಾಗಿ ಬುಗುರಿ ಹಾಗೆ ಗಿರಗಿರ ತಿರುಗುತ್ತಾ ಭಾಗವತರ ಮೇಲೆ ಹೋಯಿತು. ತೆಗೆದು ಹಾಕು ಅಂತ ದೋಸ್ತ ಇನ್ನೂ ಹೇಳುತ್ತಿದ್ದಾನೆ. ನಾನು ತೆಗೆದಿಲ್ಲ.