ಮೆಚ್ಚಿನ ಹಾಸ್ಯ ಧಾರಾವಾಹಿ ಯಾವ ಆ್ಯಪ್‌ನಲ್ಲಿದೆ ಎಂದು ಪತ್ತೆ ಹಚ್ಚುವ ಬಗೆ

ಮೊಣಕಾಲಿನ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡ ನಮ್ಮ ದೊಡ್ಡಮ್ಮ ಮಂಡ್ಯಕ್ಕೆ ಹಿಂತಿರುಗುವ ಮುನ್ನ ಮೈಸೂರಿನ ಕುವೆಂಪುನಗರದ ನಮ್ಮ ಮನೆಯಲ್ಲಿ ಒಂದೂವರೆ ತಿಂಗಳು ಇದ್ದರು. ಎದ್ದು ಓಡಾಡಲಾಗದೆ ಬೇಸರಗೊಂಡಿದ್ದ ಅವರು ಒಂದು ಸಂಜೆ, “ಆ ಇಠಲ್ ರಾವ್ ಅಂತ ಡಾಕ್ಟ್ರು ಬತ್ತಿದ್ನಲ್ಲ, ಅದ್ನ ಹಾಕು ಮಗ” ಎಂದರು. ಟಿವಿಯಲ್ಲಿದ್ದ ಆ್ಯಪ್‌ಗಳನ್ನು ಒಂದಾದ ಮೇಲೊಂದರಂತೆ ತೆರೆದು ಮುಕ್ಕಾಲು ಗಂಟೆ ಹುಡುಕಿದೆ. ಕೊನೆಗೆ ಒಂದು ಆ್ಯಪ್‌ನಲ್ಲಿ ಆ ಹೆಸರು ಕಂಡಿತೆಂದು ಆತುರದಿಂದ ವರ್ಷದ ಚಂದಾ ಕಟ್ಟಿದ ಮೇಲೆ, ಅಲ್ಲಿದ್ದದ್ದು ಎರಡೆರಡು ನಿಮಿಷದ ತುಣುಕುಗಳು ಮಾತ್ರ ಎಂಬುದು ತಿಳಿಯಿತು. ಅಂದಿನಿಂದ ನಾನು ಆ್ಯಪ್‌ಗಳಿಂದ ಹುಡುಕಾಟ ಆರಂಭಿಸುವುದನ್ನೇ ಬಿಟ್ಟಿದ್ದೇನೆ. ಧಾರಾವಾಹಿ ಮೊದಲು ಯಾವ ವಾಹಿನಿಯಲ್ಲಿ ಪ್ರಸಾರವಾಯಿತು, ಆ ವಾಹಿನಿ ಇಂದು ಯಾರ ಕೈಯಲ್ಲಿದೆ ಎಂಬುದನ್ನು ಮೊದಲು ತಿಳಿದುಕೊಂಡರೆ ಅರ್ಧ ಕೆಲಸ ಮುಗಿದಂತೆ.

ಮೊದಲು ಸರಿಯಾದ ಹೆಸರು ಬೇಕು. ನೋಡಿ ಹಲವು ವರ್ಷಗಳಾದ ಮೇಲೆ ಧಾರಾವಾಹಿಯ ಹೆಸರು ಮರೆತು, ಪಾತ್ರವೋ ಒಂದು ಮಾತೋ ಮಾತ್ರ ನೆನಪಿನಲ್ಲಿ ಉಳಿದಿರುವುದು ಸಹಜ. ದೊಡ್ಡಮ್ಮನಿಗೆ ನೆನಪಿದ್ದದ್ದು ಡಾಕ್ಟರ್ ವಿಠಲ್ ರಾವ್. ರವಿಶಂಕರ್ ಗೌಡ ಅವರು ಆ ಪಾತ್ರ ಮಾಡಿದ ಧಾರಾವಾಹಿ ‘ಸಿಲ್ಲಿ ಲಲ್ಲಿ’. ಹೀಗೆ ಪಾತ್ರದ ಹೆಸರಿನ ಜೊತೆಗೆ ‘ಕನ್ನಡ ಹಾಸ್ಯ ಧಾರಾವಾಹಿ’ ಎಂದು ಸೇರಿಸಿ ಗೂಗಲ್‌ನಲ್ಲಿ ಹುಡುಕಿದರೆ ಹೆಸರು ಬೇಗ ಸಿಗುತ್ತದೆ. ಹೆಸರು ಸಿಕ್ಕಮೇಲೆ ಅದನ್ನು ಕನ್ನಡದಲ್ಲಿ ಒಮ್ಮೆ, ಇಂಗ್ಲಿಷ್ ಅಕ್ಷರಗಳಲ್ಲಿ ಎರಡು ಮೂರು ಬಗೆಯಲ್ಲಿ ಬರೆದು ನೋಡಬೇಕು. ‘ಪಾಪ ಪಾಂಡು’ ಧಾರಾವಾಹಿಯ ಹೆಸರನ್ನು ಇಂಗ್ಲಿಷ್‌ನಲ್ಲಿ ಬರೆಯುವಾಗ ‘ಪಾ’ದ ದೀರ್ಘಕ್ಕೆ ಎ ಅಕ್ಷರ ಒಂದೇ ಇದೆಯೋ ಎರಡಿವೆಯೋ ಎಂಬಷ್ಟು ಸಣ್ಣ ವ್ಯತ್ಯಾಸಕ್ಕೂ ಕೆಲವು ಆ್ಯಪ್‌ಗಳು ‘ಏನೂ ಸಿಗಲಿಲ್ಲ’ ಎಂದುಬಿಡುತ್ತವೆ. ಟೈಪ್ ಮಾಡಲು ಕಷ್ಟಪಡುವ ಹಿರಿಯರು ರಿಮೋಟ್‌ನ ಮೈಕ್ ಗುಂಡಿ ಒತ್ತಿ ಹೆಸರು ಹೇಳಬಹುದು, ಆದರೆ ಧಾರಾವಾಹಿಯ ಹೆಸರನ್ನು ಮಾತ್ರ, ನಿಧಾನವಾಗಿ ಹೇಳಬೇಕು.

ಎರಡನೆಯದು ವಾಹಿನಿ, ಹೆಚ್ಚು ಗಮನ ಕೊಡಬೇಕಾದದ್ದು ಇಲ್ಲಿಯೇ. ವಾಟ್ಸಾಪ್‌ನಲ್ಲಿ ಯಾರೋ ಕಳಿಸಿದ ಹಳೆಯ ತುಣುಕೊಂದು ನಿಮ್ಮಲ್ಲಿದ್ದರೆ ಅದರ ಮೂಲೆಯನ್ನು ನೋಡಿ. ಮಸುಕಾಗಿದ್ದರೂ ವಾಹಿನಿಯ ಲಾಂಛನ ಅಲ್ಲಿರುತ್ತದೆ. ‘ಸಿಲ್ಲಿ ಲಲ್ಲಿ’ ಪ್ರಸಾರವಾದದ್ದು ಈಟಿವಿ ಕನ್ನಡದಲ್ಲಿ. ಈಗ ಆ ಹೆಸರಿನ ವಾಹಿನಿ ಇಲ್ಲವಾದ್ದರಿಂದ ಅನೇಕರು ಇಲ್ಲಿಗೇ ಹುಡುಕಾಟ ನಿಲ್ಲಿಸುತ್ತಾರೆ. ಜಮೀನಿನ ಖಾತೆ ಯಾರಿಂದ ಯಾರಿಗೆ ವರ್ಗವಾಯಿತು ಎಂದು ನಮ್ಮ ಹಳ್ಳಿಗಳಲ್ಲಿ ಪಹಣಿ ಹಿಡಿದು ನೋಡುವ ಹಾಗೆಯೇ ವಾಹಿನಿಯ ಖಾತೆಯನ್ನೂ ನೋಡಬೇಕು. ಈಟಿವಿ ಕನ್ನಡ 2015ರಲ್ಲಿ ಕಲರ್ಸ್ ಕನ್ನಡ ಆಯಿತು. ಕಲರ್ಸ್ ವಾಹಿನಿಗಳ ಕಾರ್ಯಕ್ರಮಗಳು 2016ರಲ್ಲಿ ಆರಂಭವಾದ ವೂಟ್ ಆ್ಯಪ್‌ನಲ್ಲಿದ್ದವು. 2023ರಲ್ಲಿ ವೂಟ್ ಜಿಯೋಸಿನಿಮಾದಲ್ಲಿ ಸೇರಿಹೋಯಿತು. 2025ರ ಫೆಬ್ರುವರಿ 14ರಂದು ಜಿಯೋಸಿನಿಮಾ ಮತ್ತು ಡಿಸ್ನಿ ಪ್ಲಸ್ ಹಾಟ್‌ಸ್ಟಾರ್ ಒಂದಾಗಿ ಜಿಯೋಹಾಟ್‌ಸ್ಟಾರ್ ಆದವು. ಆದ್ದರಿಂದ ಹಳೆಯ ಈಟಿವಿ ಕನ್ನಡದ ಯಾವುದೇ ಧಾರಾವಾಹಿಯನ್ನು ಮೊದಲು ಹುಡುಕಬೇಕಾದ ಜಾಗ ಜಿಯೋಹಾಟ್‌ಸ್ಟಾರ್. ‘ವೂಟ್‌ನಲ್ಲಿ ಇದೆ’ ಎಂದು ಹೇಳುವ ಹಳೆಯ ಲೇಖನ ಸಿಕ್ಕಿದರೆ ಅದನ್ನು ಸುಳ್ಳೆಂದು ತಳ್ಳಿಹಾಕಬೇಡಿ. ಈ ಸರಪಳಿಯಲ್ಲಿ ಮುಂದೆ ಎಲ್ಲಿ ಹುಡುಕಬೇಕೆಂಬುದಕ್ಕೆ ಅದು ಒಳ್ಳೆಯ ಸುಳಿವು.

ಉಳಿದ ವಾಹಿನಿಗಳ ವಿಷಯ ಇಷ್ಟು ತೊಡಕಿನದಲ್ಲ. ಜೀ ಕನ್ನಡದವುಗಳಿಗೆ ಜೀ5, ಉದಯ ಟಿವಿಯವುಗಳಿಗೆ ಸನ್ ನೆಕ್ಸ್ಟ್, ಸುವರ್ಣ ವಾಹಿನಿಯವುಗಳಿಗೆ ಜಿಯೋಹಾಟ್‌ಸ್ಟಾರ್, ಹಿಂದಿಯ ಸೋನಿ ಸಬ್ ವಾಹಿನಿಯವುಗಳಿಗೆ ಸೋನಿ ಲಿವ್ ನೋಡಬೇಕು. ದೂರದರ್ಶನದ ಹಳೆಯ ಧಾರಾವಾಹಿಗಳಾದರೆ ಪ್ರಸಾರ ಭಾರತಿ 2024ರ ನವೆಂಬರ್‌ನಲ್ಲಿ ಆರಂಭಿಸಿದ ವೇವ್ಸ್ ಆ್ಯಪ್ ಮೊದಲು, ಅನಂತರ ಪ್ರಸಾರ ಭಾರತಿಯದೇ ಯೂಟ್ಯೂಬ್ ವಾಹಿನಿಗಳು.

ಒಂದೇ ಹೆಸರಿನ ಎರಡು ಧಾರಾವಾಹಿಗಳಿರುವಾಗ ಬಹಳ ಎಚ್ಚರ ಬೇಕು. ಮೈಸೂರಿನಲ್ಲಿ ಹುಟ್ಟಿ ಬೆಳೆದ ಆರ್. ಕೆ. ಲಕ್ಷ್ಮಣ್ ಅವರ ಶ್ರೀಸಾಮಾನ್ಯನ ಕಲ್ಪನೆಯಿಂದ ಮೂಡಿದ ‘ವಾಗ್ಲೆ ಕಿ ದುನಿಯಾ’ 1988ರಲ್ಲಿ ದೂರದರ್ಶನದಲ್ಲಿ ಬಂತು. ಕುಂದನ್ ಶಾ ನಿರ್ದೇಶಿಸಿದ್ದ ಅದರಲ್ಲಿ ಅಂಜನ್ ಶ್ರೀವಾಸ್ತವ್ ಮತ್ತು ಭಾರತಿ ಆಚ್ರೇಕರ್ ನಟಿಸಿದ್ದರು. ಅದೇ ಹೆಸರಿನ ಹೊಸ ಧಾರಾವಾಹಿ 2021ರಲ್ಲಿ ಸೋನಿ ಸಬ್‌ನಲ್ಲಿ ಆರಂಭವಾಯಿತು. ಅದರಲ್ಲಿಯೂ ಈ ಇಬ್ಬರು ಇದ್ದಾರೆ. ಹೀಗಾಗಿ ಹೆಸರನ್ನೂ ಮುಖಗಳನ್ನೂ ನೋಡಿ ಸಿಕ್ಕಿತೆಂದುಕೊಂಡರೆ, ನೀವು ಹುಡುಕುತ್ತಿದ್ದ ಹಳೆಯದರ ಬದಲು ಹೊಸದು ತೆರೆದುಕೊಳ್ಳುತ್ತದೆ. ಸಿಹಿಕಹಿ ಚಂದ್ರು ಅವರ ‘ಪಾಪ ಪಾಂಡು’ವಿಗೂ ಇದೇ ಮಾತು ಅನ್ವಯಿಸುತ್ತದೆ: ಮೊದಲನೆಯದು ಈಟಿವಿ ಕನ್ನಡದ ಕಾಲದ್ದು, ಎರಡನೆಯದು 2018ರಲ್ಲಿ ಕಲರ್ಸ್ ಸೂಪರ್‌ನಲ್ಲಿ ಬಂದದ್ದು, ಎರಡರಲ್ಲಿಯೂ ಪಾಂಡುವಾಗಿ ಚಿದಾನಂದ್, ಶ್ರೀಮತಿಯಾಗಿ ಶಾಲಿನಿ ಇದ್ದಾರೆ. ಆದ್ದರಿಂದ ಹೆಸರಿನ ಜೊತೆಗೆ ವರ್ಷವನ್ನೂ ನೋಡುವುದನ್ನು ರೂಢಿಸಿಕೊಳ್ಳಬೇಕು. ವರ್ಷ ನಮೂದಿಸದಿದ್ದರೆ ಚಿತ್ರದ ಆಕಾರವೇ ಹೇಳುತ್ತದೆ: ಪರದೆಯ ಎರಡೂ ಬದಿಗೆ ಕಪ್ಪು ಪಟ್ಟಿ ಬಿಟ್ಟು ನಡುವೆ ಚೌಕಾಕಾರದಲ್ಲಿ ಚಿತ್ರ ಕಂಡರೆ ಅದು ಬಹುಮಟ್ಟಿಗೆ ಹಳೆಯದೇ.

ಇಂಗ್ಲಿಷ್ ಹಾಸ್ಯ ಧಾರಾವಾಹಿಗಳಿಗೆ ವಾಹಿನಿಯ ಜಾಡು ಇಷ್ಟು ಸುಲಭವಾಗಿ ಹಿಡಿಯುವಂಥದ್ದಲ್ಲ, ಏಕೆಂದರೆ ಅವುಗಳ ಪ್ರಸಾರದ ಹಕ್ಕು ದೇಶದಿಂದ ದೇಶಕ್ಕೆ ಬೇರೆಯಾಗಿ, ಕೆಲವು ವರ್ಷಗಳ ಅವಧಿಗೆ ಮಾತ್ರ ಮಾರಾಟವಾಗುತ್ತದೆ. ಅಮೆರಿಕದಲ್ಲಿ ‘ಫ್ರೆಂಡ್ಸ್’ 2020ರ ಆರಂಭದಲ್ಲಿ ನೆಟ್‌ಫ್ಲಿಕ್ಸ್ ಬಿಟ್ಟು ಎಚ್‌ಬಿಓ ಮ್ಯಾಕ್ಸ್‌ಗೆ ಹೋಯಿತು, ‘ದಿ ಆಫೀಸ್’ 2021ರ ಜನವರಿಯಲ್ಲಿ ಪೀಕಾಕ್‌ಗೆ ಹೋಯಿತು. ಆ ಸುದ್ದಿ ಓದಿ ನಮ್ಮಲ್ಲಿಯೂ ಹಾಗೆಯೇ ಆಗಿದೆ ಎಂದುಕೊಳ್ಳಬಾರದು. ಇಂಥವುಗಳಿಗೆ ಜಸ್ಟ್‌ವಾಚ್ ಎಂಬ ಜಾಲತಾಣ ಉಪಯುಕ್ತ. ಅದನ್ನು ತೆರೆದ ಕೂಡಲೇ ದೇಶದ ಜಾಗದಲ್ಲಿ ಭಾರತ ಇದೆಯೇ ಎಂದು ನೋಡಿ, ನಂತರ ಹೆಸರು ಬರೆದರೆ, ಯಾವ ಆ್ಯಪ್‌ನಲ್ಲಿ ಎಷ್ಟು ಸೀಸನ್‌ಗಳಿವೆ, ಚಂದಾದಲ್ಲಿ ನೋಡಬಹುದೋ ಬೇರೆ ಹಣ ಕೊಡಬೇಕೋ ಎಂಬುದನ್ನು ತೋರಿಸುತ್ತದೆ. ಹಳೆಯ ಕನ್ನಡ ಧಾರಾವಾಹಿಗಳಿಗೆ ಮಾತ್ರ ನಾನು ಅದನ್ನು ನೆಚ್ಚಿಕೊಳ್ಳುವುದಿಲ್ಲ. ಮಕ್ಕಳು ಅಮೆರಿಕದಲ್ಲಿಯೋ ದುಬೈನಲ್ಲಿಯೋ ಇದ್ದು, ‘ನಮಗೆ ಇಲ್ಲಿ ಕಾಣುತ್ತಿದೆ’ ಎಂದು ಹೇಳಿದರೂ ಮೈಸೂರಿನಲ್ಲಿ ಕಾಣದಿರಬಹುದು. ಅವರ ಮಾತಿನ ಮೇಲೆ ಹಣ ಕಟ್ಟದೆ ನಮ್ಮ ದೇಶದ ಪಟ್ಟಿಯನ್ನು ನಾವೇ ನೋಡಿಕೊಳ್ಳುವುದು ಕ್ಷೇಮ.

ಆ್ಯಪ್ ಸಿಕ್ಕಿದೊಡನೆ ಹಣ ಕಟ್ಟಬೇಡಿ. ಹಣ ಕಟ್ಟದೆಯೇ ಧಾರಾವಾಹಿಯ ಪುಟವನ್ನು ತೆರೆಯಲು ಸಾಮಾನ್ಯವಾಗಿ ಸಾಧ್ಯವಿರುತ್ತದೆ. ಅಲ್ಲಿ ಮೊದಲ ಸಂಚಿಕೆ ಇದೆಯೇ, ಕೊನೆಯದರ ಸಂಖ್ಯೆ ಎಷ್ಟು, ನಡುವೆ ಸಂಖ್ಯೆಗಳು ತಪ್ಪಿವೆಯೇ, ಒಂದೊಂದರ ಅವಧಿ ಇಪ್ಪತ್ತು ನಿಮಿಷದಷ್ಟಿದೆಯೇ ಎಂದು ನೋಡಬೇಕು. ಅವಧಿ ಎರಡು ಮೂರು ನಿಮಿಷವೆಂದಿದ್ದರೆ ಅವು ತುಣುಕುಗಳು. ನಾನು ಅಂದು ನೋಡದೆ ಬಿಟ್ಟದ್ದು ಈ ಒಂದು ಸಾಲನ್ನೇ. ನಿಮ್ಮ ಮೊಬೈಲ್ ರೀಚಾರ್ಜ್‌ನಲ್ಲಿ ಅಥವಾ ಮನೆಯ ಬ್ರಾಡ್‌ಬ್ಯಾಂಡ್ ಯೋಜನೆಯಲ್ಲಿ ಆ ಆ್ಯಪ್ ಆಗಲೇ ಸೇರಿದೆಯೇ ಎಂಬುದನ್ನೂ ವಿಚಾರಿಸಿ. ಸೇರಿಲ್ಲದಿದ್ದರೆ ಮೊದಲು ಒಂದು ತಿಂಗಳಿಗೆ ಮಾತ್ರ ಕಟ್ಟಿ. ಹಣ ಕಟ್ಟುವಾಗ ಯುಪಿಐ ಆಟೊಪೇಗೆ, ಅಂದರೆ ಪ್ರತಿ ಬಾರಿ ಚಂದಾ ಹಣ ತಾನಾಗಿಯೇ ಕಡಿತವಾಗುವ ವ್ಯವಸ್ಥೆಗೆ, ಒಪ್ಪಿಗೆ ಕೊಟ್ಟಿದ್ದರೆ, ಧಾರಾವಾಹಿ ನೋಡಿ ಮುಗಿದ ಮೇಲೆ ಆ್ಯಪ್ ಅಳಿಸಿಹಾಕಿದರೆ ಸಾಲದು. ಫೋನ್‌ಪೇ ಅಥವಾ ಗೂಗಲ್ ಪೇಯ ಆಟೊಪೇ ಪಟ್ಟಿಗೆ ಹೋಗಿ ಅದನ್ನು ರದ್ದು ಮಾಡಬೇಕು. ಹಣ ಕಡಿತವಾಗುವ 24 ಗಂಟೆ ಮೊದಲು ಸೂಚನೆ ಬರಬೇಕೆಂಬ ನಿಯಮ ರಿಸರ್ವ್ ಬ್ಯಾಂಕಿನದು. ಆ ಸಂದೇಶವನ್ನು ಓದದೆ ಅಳಿಸಬೇಡಿ.

ಆ್ಯಪ್‌ಗಳಲ್ಲಿ ಸಿಗದಿದ್ದರೆ ಯೂಟ್ಯೂಬ್‌ನಲ್ಲಿ ನೋಡಬಹುದು, ಆದರೆ ಅಪ್‌ಲೋಡ್ ಮಾಡಿದವರು ವಾಹಿನಿಯವರೋ ನಿರ್ಮಾಪಕರೋ ಎಂಬುದನ್ನು ಗಮನಿಸಬೇಕು. ಬೇರೆಯವರು ಹಾಕಿದ ಸಂಚಿಕೆಗಳಲ್ಲಿ ಹಕ್ಕುಸ್ವಾಮ್ಯದಿಂದ ತಪ್ಪಿಸಿಕೊಳ್ಳಲು ಚಿತ್ರವನ್ನು ಕನ್ನಡಿಯಲ್ಲಿ ಕಂಡಂತೆ ತಿರುಗಿಸಿರುತ್ತಾರೆ, ಧ್ವನಿಯ ವೇಗ ಬದಲಿಸಿರುತ್ತಾರೆ. ಹಾಸ್ಯದ ಜೀವವೇ ಮಾತಿನ ಸಮಯಪ್ರಜ್ಞೆಯಲ್ಲಿರುವಾಗ ಅಂಥದ್ದನ್ನು ನೋಡಿ ಸಂತೋಷವಿಲ್ಲ. ಟೆಲಿಗ್ರಾಮ್‌ನಲ್ಲಿ ಬರುವ ಕೊಂಡಿಗಳನ್ನಂತೂ ಮನೆಯ ಹಿರಿಯರ ಫೋನಿನಲ್ಲಿ ಖಂಡಿತ ತೆರೆಯಬಾರದು. ಅದೇ ಫೋನಿನಲ್ಲಿ ಅವರ ಬ್ಯಾಂಕ್ ಖಾತೆಯೂ ಇರುತ್ತದೆ.

ಎಲ್ಲಿಯೂ ಸಿಗದೆ ಹೋದರೆ ಹಕ್ಕು ಹೊಂದಿರುವ ಆ್ಯಪ್‌ನ ‘ಸಹಾಯ’ ವಿಭಾಗಕ್ಕೆ ಬರೆಯಿರಿ. ‘ಹಳೆಯ ಧಾರಾವಾಹಿಗಳನ್ನು ಹಾಕಿ’ ಎಂದಷ್ಟೇ ಬರೆದರೆ ಯಾವ ಪ್ರಯೋಜನವೂ ಇಲ್ಲ. ಧಾರಾವಾಹಿಯ ಹೆಸರು, ವಾಹಿನಿಯ ಅಂದಿನ ಹೆಸರು ಮತ್ತು ಇಂದಿನ ಹೆಸರು, ಪ್ರಸಾರವಾದ ಕಾಲ, ಮುಖ್ಯ ನಟರು, ಈಗ ಆ್ಯಪ್‌ನಲ್ಲಿ ಯಾವ ಸಂಖ್ಯೆಯಿಂದ ಯಾವ ಸಂಖ್ಯೆಯವರೆಗಿನ ಸಂಚಿಕೆಗಳು ಕಾಣುತ್ತಿಲ್ಲ ಎಂಬುದನ್ನು ಕ್ರಮವಾಗಿ ಬರೆದು, ಪರದೆಯ ಚಿತ್ರವನ್ನೂ ಲಗತ್ತಿಸಿ ಕಳಿಸಿ.